ಕನಕಪುರ ಲೋಕಸಭೆ: ಬೆಂಗಳೂರು ನುಂಗಿದ ಕ್ಷೇತ್ರ

ನಾಲ್ಕು ದಶಕ ರಾಜ್ಯದ ರಾಜಕಾರಣವನ್ನು ಆಡಿಸಿದ ಒಂದು ಹಳ್ಳಿಗಾಡಿನ ಕ್ಷೇತ್ರ 2008ರಲ್ಲಿ ನಕ್ಷೆಯಿಂದ ಮರೆಯಾಯಿತು. ಅದರ ಚರಿತ್ರೆಯನ್ನು ಈಗ ಓದಬೇಕಾದ ಕಾರಣವಿದೆ: ಮತ್ತೊಂದು ಪುನರ್ವಿಂಗಡಣೆ ಹತ್ತಿರ ಬರುತ್ತಿದೆ.

ಬೆಂಗಳೂರು ಗ್ರಾಮಾಂತರ ಜಿಲ್ಲೆಯಲ್ಲಿ ಇರುವುದು ನಾಲ್ಕು ತಾಲ್ಲೂಕು: ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ. ಈ ನಾಲ್ಕೂ ಚಿಕ್ಕಬಳ್ಳಾಪುರ ಲೋಕಸಭಾ ಕ್ಷೇತ್ರಕ್ಕೆ ಸೇರಿವೆ. ಬೆಂಗಳೂರು ಗ್ರಾಮಾಂತರ ಎಂಬ ಹೆಸರಿನ ಲೋಕಸಭಾ ಕ್ಷೇತ್ರದಲ್ಲಿ ಇರುವುದು ಬೇರೆಯೇ ಊರುಗಳು: ಕನಕಪುರ, ರಾಮನಗರ, ಚನ್ನಪಟ್ಟಣ, ಮಾಗಡಿ, ತುಮಕೂರು ಜಿಲ್ಲೆಯ ಕುಣಿಗಲ್, ಜೊತೆಗೆ ಬೆಂಗಳೂರು ನಗರ ಜಿಲ್ಲೆಯ ಆನೇಕಲ್, ರಾಜರಾಜೇಶ್ವರಿ ನಗರ ಮತ್ತು ಬೆಂಗಳೂರು ದಕ್ಷಿಣ. ಗ್ರಾಮಾಂತರ ಜಿಲ್ಲೆಯ ಒಂದು ತಾಲ್ಲೂಕೂ ಇಲ್ಲದ ಗ್ರಾಮಾಂತರ ಕ್ಷೇತ್ರ ಇದು.

ಇದು ಹೀಗಾದದ್ದು ಹೇಗೆ ಎಂದು ಹುಡುಕುತ್ತಾ ಹೋದರೆ ಸಿಗುವುದು ಕನಕಪುರ ಲೋಕಸಭಾ ಕ್ಷೇತ್ರ. 1967ರ ಚುನಾವಣೆಯಲ್ಲಿ ಅದರ ಹೆಸರು ಮತಪತ್ರದ ಮೇಲೆ ಬಂತು. 2004ರಲ್ಲಿ ಕೊನೆಯ ಬಾರಿಗೆ ಅಲ್ಲಿ ಮತದಾನ ನಡೆಯಿತು. ಮಾಜಿ ಪ್ರಧಾನಿಯೊಬ್ಬರನ್ನು ಗೆಲ್ಲಿಸಿದ, ಎರಡೇ ವರ್ಷದಲ್ಲಿ ಅವರನ್ನೇ ಸೋಲಿಸಿದ ಕ್ಷೇತ್ರ ಅದು.

ಓಕಳಿಪುರದಲ್ಲಿ ನಿಂತವರಿಗೆ ಆ ಸೀಮೆ ದೂರದ್ದೇನಲ್ಲ. ನಮ್ಮ ಬಡಾವಣೆಯ ಒಂದು ಮಗ್ಗುಲಿಗೆ ಸಿಟಿ ರೈಲು ನಿಲ್ದಾಣ, ಇನ್ನೊಂದು ಮಗ್ಗುಲಿಗೆ ತುಮಕೂರು ಮತ್ತು ಚೆನ್ನೈ ಕಡೆಗೆ ಕವಲೊಡೆಯುವ ಹಳಿಗಳು. ಅದೇ ನಿಲ್ದಾಣದಿಂದ ಮೈಸೂರಿನತ್ತ ಹೊರಟ ಗಾಡಿ ಕೆಂಗೇರಿ ದಾಟಿ ಬಿಡದಿ, ರಾಮನಗರ, ಚನ್ನಪಟ್ಟಣಗಳನ್ನು ಹಾದು ಹೋಗುತ್ತದೆ. ಹತ್ತಿರದಲ್ಲೇ ಬಿನ್ನಿಮಿಲ್ ಬಳಿಯಿಂದ ಸಾಗುವ ರಸ್ತೆಯ ಹೆಸರೇ ಮಾಗಡಿ ರಸ್ತೆ. ಬೆಳಗಿನ ರೈಲಿನಲ್ಲಿ ಬಂದಿಳಿದು ಸಂಜೆಯ ರೈಲಿಗೆ ಮರಳುವ ಕೂಲಿಯವರು, ಗುಮಾಸ್ತರು, ವ್ಯಾಪಾರಿಗಳು, ಕಾಲೇಜು ಮಕ್ಕಳು ಈ ಭಾಗದ ಬೀದಿಗಳಿಗೆ ತಲೆಮಾರುಗಳಿಂದ ಪರಿಚಿತರು. ಅವರಲ್ಲಿ ಅನೇಕರು ಕೆಲಸ ಮಾಡುವುದು ಇಲ್ಲಿ, ವೋಟು ಹಾಕುವುದು ಅಲ್ಲಿ.

ಕಾನಕಾನಹಳ್ಳಿಯ ಸೀಮೆ

ಕನಕಪುರಕ್ಕೆ ಹಿಂದಿದ್ದ ಹೆಸರು ಕಾನಕಾನಹಳ್ಳಿ. ಅರ್ಕಾವತಿಯ ದಂಡೆಯ ಊರು. ನದಿ ಅಲ್ಲಿಂದ ಮುಂದೆ ಹರಿದು ಸಂಗಮದಲ್ಲಿ ಕಾವೇರಿಯನ್ನು ಸೇರುತ್ತದೆ, ಆಮೇಲೆ ಮೇಕೆದಾಟಿನ ಕಲ್ಲುಕೊರಕಲು. ರಾಗಿ, ಹುರುಳಿ, ಹಿಪ್ಪುನೇರಳೆ, ಮಾವು, ತೆಂಗು ಈ ನೆಲದ ಬೆಳೆಗಳು. ರಾಮನಗರದ ಗೂಡಿನ ಮಾರುಕಟ್ಟೆ ಏಷ್ಯಾದಲ್ಲೇ ದೊಡ್ಡದೆಂದು ಹೆಸರಾದದ್ದು. ರೈತ ಹೊಲದಲ್ಲಿ ಸೊಪ್ಪು ಬೆಳೆದು, ಮನೆಯಲ್ಲಿ ಹುಳು ಸಾಕಿ, ಗೂಡನ್ನು ಅಲ್ಲಿಗೆ ತರುತ್ತಾನೆ. ಹರಾಜಿನಲ್ಲಿ ಕೊಳ್ಳುವ ರೀಲರುಗಳು ನೂಲು ತೆಗೆಯುತ್ತಾರೆ. ಚನ್ನಪಟ್ಟಣದಲ್ಲಿ ಆಲೆಮರದ ಬಣ್ಣದ ಬೊಂಬೆಗಳು. ಮಾಗಡಿ ಬೆಂಗಳೂರು ಕಟ್ಟಿದ ಕೆಂಪೇಗೌಡರ ವಂಶದ ಸೀಮೆ.

ರಾಜಕಾರಣವೂ ಇಲ್ಲಿ ಬೇಗ ಬೇರುಬಿಟ್ಟಿತು. ವಿಧಾನಸೌಧ ಕಟ್ಟಿಸಿದ ಕೆಂಗಲ್ ಹನುಮಂತಯ್ಯ ರಾಮನಗರದ ಬಳಿಯ ಲಕ್ಕಪ್ಪನಹಳ್ಳಿಯವರು. ಕನಕಪುರದಲ್ಲಿ ಸ್ವಾತಂತ್ರ್ಯ ಹೋರಾಟಗಾರ ಎಸ್. ಕರಿಯಪ್ಪನವರು ರೂರಲ್ ಎಜುಕೇಷನ್ ಸೊಸೈಟಿ ಕಟ್ಟಿ, ಹಳ್ಳಿಯ ಮಕ್ಕಳು ಬೆಂಗಳೂರಿಗೆ ಹೋಗದೆಯೇ ಕಾಲೇಜು ಮೆಟ್ಟಿಲು ಹತ್ತುವಂತೆ ಮಾಡಿದರು. ಜನ ಅವರನ್ನು ‘ಕನಕಪುರದ ಗಾಂಧಿ’ ಎಂದು ಕರೆದರು.

ಎರಡನೇ ಮತ್ತು ಮೂರನೇ ಲೋಕಸಭೆಯ ಕಾಲಕ್ಕೆ ನಗರಕ್ಕೊಂದು ‘ಬೆಂಗಳೂರು ನಗರ’ ಕ್ಷೇತ್ರ ಪ್ರತ್ಯೇಕವಾಗಿತ್ತು. ನಗರದ ಹೊರಗಿನ ಭಾಗಕ್ಕೆ ‘ಬೆಂಗಳೂರು’ ಎಂಬ ಕ್ಷೇತ್ರವಿದ್ದು, ಎಚ್.ಸಿ. ದಾಸಪ್ಪ ಅದರ ಸಂಸದರಾಗಿದ್ದರು. 1967ಕ್ಕೆ ನಕ್ಷೆ ಬದಲಾಯಿತು, ಕನಕಪುರ ತನ್ನ ಹೆಸರಿನಲ್ಲೇ ಒಂದು ಕ್ಷೇತ್ರವಾಯಿತು. ತಾಲ್ಲೂಕು ಕೇಂದ್ರವೊಂದರ ಹೆಸರು ಲೋಕಸಭೆಯ ದಾಖಲೆಗೆ ಸೇರಿತು.

ಮಾವನ ಪಕ್ಷ, ಶಿಷ್ಯನ ಪಕ್ಷ

ಮೊದಲ ಸಂಸದರು ಎಂ.ವಿ. ರಾಜಶೇಖರನ್. ಕನಕಪುರ ತಾಲ್ಲೂಕಿನ ಮರಳವಾಡಿಯವರು, ಮುಖ್ಯಮಂತ್ರಿ ಎಸ್. ನಿಜಲಿಂಗಪ್ಪನವರ ಅಳಿಯ. ಗ್ರಾಮೀಣಾಭಿವೃದ್ಧಿ ಅವರ ಬದುಕಿನುದ್ದಕ್ಕೂ ಆಸಕ್ತಿಯ ವಿಷಯವಾಗಿತ್ತು. ದಶಕಗಳ ನಂತರ ಮನಮೋಹನ್ ಸಿಂಗ್ ಸರ್ಕಾರದಲ್ಲಿ ಯೋಜನಾ ಖಾತೆಯ ರಾಜ್ಯ ಸಚಿವರಾದರು.

ಕನಕಪುರದ ಸಂಸದರಾಗಿ ಅವರ ಅವಧಿ ಮುಗಿಯುವ ಮೊದಲೇ ಕಾಂಗ್ರೆಸ್ ಒಡೆಯಿತು. 1969ರ ಜುಲೈನಲ್ಲಿ ಲಾಲ್‌ಬಾಗಿನ ಗಾಜಿನ ಮನೆಯಲ್ಲಿ ಎಐಸಿಸಿ ಅಧಿವೇಶನ ನಡೆದಾಗ ಪಕ್ಷದ ಅಧ್ಯಕ್ಷರಾಗಿದ್ದವರು ನಿಜಲಿಂಗಪ್ಪ. ಇಂದಿರಾ ಗಾಂಧಿ ಮತ್ತು ಸಿಂಡಿಕೇಟ್ ಎನಿಸಿಕೊಂಡಿದ್ದ ಪಕ್ಷದ ಹಿರಿಯ ನಾಯಕರ ನಡುವಿನ ಬಿರುಕು ಅಲ್ಲಿ ಬಯಲಾಯಿತು, ವರ್ಷ ಮುಗಿಯುವಷ್ಟರಲ್ಲಿ ಪಕ್ಷ ಎರಡಾಯಿತು. ಆ ಒಡಕು ಕನಕಪುರದ ಮೇಲೆ ನೇರವಾಗಿ ಬಿತ್ತು. 1971ರಲ್ಲಿ ಅಲ್ಲಿಂದ ಗೆದ್ದವರು ಸಿ.ಕೆ. ಜಾಫರ್ ಷರೀಫ್. ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆಯವರಾದ ಅವರು ನಿಜಲಿಂಗಪ್ಪನವರ ಗರಡಿಯಲ್ಲೇ ಬೆಳೆದು, ಒಡಕಿನ ಹೊತ್ತಿಗೆ ಇಂದಿರಾ ಪಾಳಯ ಸೇರಿದ್ದರು. ಆ ಚುನಾವಣೆಯಲ್ಲಿ ಮೈಸೂರು ರಾಜ್ಯದ 27 ಸ್ಥಾನಗಳೂ ಇಂದಿರಾ ಕಾಂಗ್ರೆಸ್ಸಿನ ಪಾಲಾದವು. ಒಕ್ಕಲಿಗರು ಹೆಚ್ಚಿರುವ, ಜಾತಿಯ ಲೆಕ್ಕಾಚಾರಕ್ಕೆ ಇಂದು ಹೆಸರಾದ ಈ ಸೀಮೆ ಅಂದು ಹೊರ ಜಿಲ್ಲೆಯ ಮುಸ್ಲಿಂ ಯುವಕನನ್ನು ದೆಹಲಿಗೆ ಕಳಿಸಿತು ಎಂಬುದನ್ನು ನೆನಪಿಡಬೇಕು.

ನಂತರದ ಕಾಲ ಎಂ.ವಿ. ಚಂದ್ರಶೇಖರಮೂರ್ತಿಯವರದು. 1977, 1980, 1984, 1989, 1991 ಹೀಗೆ ಐದು ಚುನಾವಣೆ ಸತತವಾಗಿ, 1999ರಲ್ಲಿ ಮತ್ತೊಮ್ಮೆ, ಒಟ್ಟು ಆರು ಬಾರಿ ಅವರು ಕನಕಪುರದಿಂದ ಗೆದ್ದರು. ನರಸಿಂಹ ರಾವ್ ಸರ್ಕಾರದಲ್ಲಿ ಹಣಕಾಸು ಖಾತೆಯ ರಾಜ್ಯ ಸಚಿವರಾಗಿದ್ದರು. ಸದ್ದು ಮಾಡದ ರಾಜಕಾರಣಿ. ದೊಡ್ಡ ಹೆಸರುಗಳ ಗಲಾಟೆಯಲ್ಲಿ ಇಂದು ಅವರನ್ನು ನೆನೆಯುವವರು ಕಡಿಮೆ. ಆದರೆ ಈ ಕ್ಷೇತ್ರದ ಆಯುಸ್ಸಿನ ಅರ್ಧದಷ್ಟು ಕಾಲ ಅದರ ಪ್ರತಿನಿಧಿ ಅವರೇ.

ನಾಯಕರ ಅಖಾಡ

ಲೋಕಸಭೆಯಲ್ಲಿ ಕಾಂಗ್ರೆಸ್ ಹಿಡಿತ ಗಟ್ಟಿಯಾಗಿದ್ದಾಗಲೇ ವಿಧಾನಸಭೆಯಲ್ಲಿ ಈ ನೆಲ ಜನತಾ ಪಕ್ಷದತ್ತ ವಾಲಿತ್ತು. 1983ರ ಜನವರಿಯಲ್ಲಿ ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿಯಾದಾಗ ಅವರು ಶಾಸಕರಾಗಿರಲಿಲ್ಲ. ಆಗತಾನೇ ಕನಕಪುರದಿಂದ ಗೆದ್ದಿದ್ದ ಪಿ.ಜಿ.ಆರ್. ಸಿಂಧ್ಯ ತಮ್ಮ ಸ್ಥಾನ ಬಿಟ್ಟುಕೊಟ್ಟರು. ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯನ್ನು ಉಪಚುನಾವಣೆಯಲ್ಲಿ ಆರಿಸಿ ಕಳಿಸಿದ್ದು ಕನಕಪುರದ ಮತದಾರರು.

1985ರಲ್ಲಿ ಕನಕಪುರ ಲೋಕಸಭಾ ಕ್ಷೇತ್ರದೊಳಗಿನ ಸಾತನೂರು ವಿಧಾನಸಭಾ ಕ್ಷೇತ್ರಕ್ಕೆ ಎಚ್.ಡಿ. ದೇವೇಗೌಡರು ಬಂದರು. ಎದುರಿಗೆ ನಿಂತವರು ದೊಡ್ಡಆಲಹಳ್ಳಿಯ ಇಪ್ಪತ್ತರ ಹರೆಯದ ಹುಡುಗ ಡಿ.ಕೆ. ಶಿವಕುಮಾರ್. ಗೌಡರು ಗೆದ್ದರು. ಆದರೆ ಅಂದು ಹೊತ್ತಿದ ಜಿದ್ದು ನಾಲ್ಕು ದಶಕವಾದರೂ ಆರಿಲ್ಲ. 1989ರಲ್ಲಿ ಶಿವಕುಮಾರ್ ಸಾತನೂರನ್ನು ಗೆದ್ದುಕೊಂಡರು. 1994ರಲ್ಲಿ ದೇವೇಗೌಡರು ರಾಮನಗರದಿಂದ ಗೆದ್ದು ಮುಖ್ಯಮಂತ್ರಿಯಾದರು, 1996ರ ಜೂನ್ 1ರಂದು ಪ್ರಧಾನಿಯಾದರು. ಅದೇ ವರ್ಷದ ಲೋಕಸಭಾ ಚುನಾವಣೆಯಲ್ಲಿ ಅವರ ಮಗ, ಅಲ್ಲಿಯವರೆಗೆ ಸಿನಿಮಾ ವಿತರಣೆಯಲ್ಲಿ ತೊಡಗಿದ್ದ ಎಚ್.ಡಿ. ಕುಮಾರಸ್ವಾಮಿ, ಕನಕಪುರದಿಂದ ಗೆದ್ದರು. ಚಂದ್ರಶೇಖರಮೂರ್ತಿಯವರ ಸತತ ಗೆಲುವಿನ ಸರಣಿ ಅಲ್ಲಿಗೆ ನಿಂತಿತು.

ಎರಡು ವರ್ಷಕ್ಕೆ ಮತ್ತೆ ಚುನಾವಣೆ ಬಂತು. 1998ರಲ್ಲಿ ಗೆದ್ದವರು ಕಾಂಗ್ರೆಸ್ಸಿನವರೂ ಅಲ್ಲ, ಜನತಾದಳದವರೂ ಅಲ್ಲ. ಬಿಜೆಪಿಯ ಎಂ. ಶ್ರೀನಿವಾಸ್. ಅವರು ಬೆಂಗಳೂರಿನ ಅಂಚಿನ ಉತ್ತರಹಳ್ಳಿಯ ಶಾಸಕರಾಗಿದ್ದವರು. ಕನಕಪುರದ ಚರಿತ್ರೆಯಲ್ಲಿ ಇದು ದೊಡ್ಡ ತಿರುವು. ಪತ್ರಿಕೆಗಳು ಅದನ್ನು ಪಕ್ಷಗಳ ಸೋಲು ಗೆಲುವಾಗಿ ನೋಡಿದವು. ಆದರೆ ಒಳಗೆ ಆಗಿದ್ದೇ ಬೇರೆ: ಕ್ಷೇತ್ರದ ತೂಕ ಸಾತನೂರು, ಮಾಗಡಿಗಳ ಕಡೆಯಿಂದ ಜಾರಿ ಬೆಂಗಳೂರಿನ ಅಂಚಿಗೆ ಬಂದು ಕೂತಿತ್ತು.

ಉತ್ತರಹಳ್ಳಿ ಎಂಬ ಉತ್ತರ

ಕನಕಪುರ, ಸಾತನೂರು, ರಾಮನಗರ, ಚನ್ನಪಟ್ಟಣ, ಮಾಗಡಿಗಳ ಜೊತೆಗೆ ಆನೇಕಲ್ ಮತ್ತು ಉತ್ತರಹಳ್ಳಿ ವಿಧಾನಸಭಾ ಕ್ಷೇತ್ರಗಳೂ ಈ ಲೋಕಸಭಾ ಕ್ಷೇತ್ರದಲ್ಲಿದ್ದವು. ಈ ಗಡಿಗಳನ್ನು ಎಳೆದದ್ದು 1971ರ ಜನಗಣತಿಯ ಲೆಕ್ಕದ ಮೇಲೆ, 1976ರ ಆದೇಶದಲ್ಲಿ. ಆಗ ಕರ್ನಾಟಕದ ಜನಸಂಖ್ಯೆ ಸುಮಾರು 2.93 ಕೋಟಿ. 28 ಸ್ಥಾನಗಳಿಗೆ ಹಂಚಿದರೆ ಒಬ್ಬ ಸಂಸದನಿಗೆ ಸುಮಾರು ಹತ್ತೂವರೆ ಲಕ್ಷ ಜನ. ಆ ಕಾಲದ ಉತ್ತರಹಳ್ಳಿ, ಕೆಂಗೇರಿ, ಬೇಗೂರು, ಬೊಮ್ಮನಹಳ್ಳಿಗಳು ರಾಗಿ ಹೊಲ, ಕೆರೆ, ತೋಪುಗಳ ಹಳ್ಳಿಗಳು. ಅವನ್ನು ಗ್ರಾಮಾಂತರ ಕ್ಷೇತ್ರಕ್ಕೆ ಸೇರಿಸಿದ್ದು ಸಹಜವೇ.

ಅದೇ ವರ್ಷ ಸಂವಿಧಾನದ 42ನೇ ತಿದ್ದುಪಡಿ ಬಂತು. 2001ರ ಜನಗಣತಿಯವರೆಗೂ ಸ್ಥಾನಗಳ ಹಂಚಿಕೆಯನ್ನು ಮುಟ್ಟುವಂತಿಲ್ಲ ಎಂದಾಯಿತು. ಕುಟುಂಬ ಯೋಜನೆ ಪಾಲಿಸಿದ ರಾಜ್ಯಗಳಿಗೆ ನಷ್ಟವಾಗಬಾರದು ಎಂಬ ಉದ್ದೇಶ ಅದರ ಹಿಂದಿತ್ತು, ದಕ್ಷಿಣದ ರಾಜ್ಯಗಳಿಗೆ ಅದರಿಂದ ರಕ್ಷಣೆಯೂ ಸಿಕ್ಕಿತು. ಆದರೆ ಅದರ ಜೊತೆಗೆ ರಾಜ್ಯದೊಳಗಿನ ಗಡಿಗೆರೆಗಳೂ ಹೆಪ್ಪುಗಟ್ಟಿದವು. ಬೆಂಗಳೂರು ಮಾತ್ರ ನಿಲ್ಲಲಿಲ್ಲ. ಜಯನಗರ, ಬನಶಂಕರಿಯ ಆಚೆ ಬಡಾವಣೆ ಮೇಲೆ ಬಡಾವಣೆ ಎದ್ದಿತು. ಆನೇಕಲ್ ಬದಿಯಲ್ಲಿ ಎಲೆಕ್ಟ್ರಾನಿಕ್ ಸಿಟಿ, ಜಿಗಣಿ, ಅತ್ತಿಬೆಲೆ ಕೈಗಾರಿಕಾ ಪ್ರದೇಶಗಳು ಬೆಳೆದವು. ಮಲ್ಲೇಶ್ವರ, ಬಸವನಗುಡಿ, ಚಾಮರಾಜಪೇಟೆಗಳ ಹಳೆಯ ಮನೆ ಮಾರಿ ಹೊರವಲಯಕ್ಕೆ ಹೋದವರು, ರಾಜ್ಯದ ಎಲ್ಲ ಜಿಲ್ಲೆಗಳಿಂದ ಕೆಲಸ ಅರಸಿ ಬಂದವರು, ಹೊರ ರಾಜ್ಯದವರು ಎಲ್ಲರೂ ಅಲ್ಲಿ ನೆಲೆಸಿದರು. ಕಾಗದದ ಮೇಲೆ ಅವರೆಲ್ಲ ಕನಕಪುರದ ಮತದಾರರು.

ಉತ್ತರಹಳ್ಳಿ ರಾಜ್ಯದಲ್ಲೇ ಅತಿ ಹೆಚ್ಚು ಮತದಾರರಿದ್ದ ವಿಧಾನಸಭಾ ಕ್ಷೇತ್ರವಾಗಿ ಬೆಳೆಯಿತು. ಹಲವು ಸಾಧಾರಣ ಕ್ಷೇತ್ರಗಳಷ್ಟು ಜನಕ್ಕೆ ಒಬ್ಬರೇ ಶಾಸಕರು. 1999 ಮತ್ತು 2004ರಲ್ಲಿ ಅಲ್ಲಿಂದ ಗೆದ್ದವರು ಬಿಜೆಪಿಯ ಆರ್. ಅಶೋಕ. ಇಲ್ಲಿ ಅನ್ಯಾಯ ಎರಡೂ ಕಡೆಗೆ ಆಯಿತು. ಹೊಸ ಬಡಾವಣೆಗಳ ನಿವಾಸಿಗೆ ನೀರಿಲ್ಲ, ಚರಂಡಿ ಇಲ್ಲ, ಕೇಳಲು ಲಕ್ಷಾಂತರ ಜನಕ್ಕೆ ಒಬ್ಬ ಶಾಸಕ. ಸಾತನೂರಿನ ರೈತನಿಗೆ ತನ್ನ ಲೋಕಸಭಾ ಕ್ಷೇತ್ರದ ಫಲಿತಾಂಶವೇ ಕೈತಪ್ಪಿತು. ಹಳ್ಳಿಗಳಲ್ಲಿ ಸಾಲುಗಟ್ಟಿ ನಿಂತು ಹಾಕಿದ ಮತಗಳನ್ನು ನಗರದ ಅಂಚಿನ ಒಂದೇ ವಿಧಾನಸಭಾ ಕ್ಷೇತ್ರದ ಮುನ್ನಡೆ ಸರಿಗಟ್ಟಬಹುದಿತ್ತು. ಯಾರೂ ಯಾರ ಹಕ್ಕನ್ನೂ ಕಸಿಯಲಿಲ್ಲ. ಬದಲಾದ ನೆಲದ ಮೇಲೆ ಬದಲಾಗದ ಗೆರೆ ಉಳಿದದ್ದರಿಂದ ಆದ ಹಾನಿ ಇದು.

ಮಾಜಿ ಪ್ರಧಾನಿ ಗೆದ್ದದ್ದು, ಸೋತದ್ದು

1999ರಲ್ಲಿ ಮರಳಿ ಗೆದ್ದಿದ್ದ ಚಂದ್ರಶೇಖರಮೂರ್ತಿಯವರು ಅವಧಿ ಮುಗಿಯುವ ಮುನ್ನವೇ ತೀರಿಕೊಂಡರು. 2002ರ ಉಪಚುನಾವಣೆಗೆ ದೇವೇಗೌಡರೇ ಕಣಕ್ಕಿಳಿದರು. ಎದುರಾಳಿ, ಆಗ ಎಸ್.ಎಂ. ಕೃಷ್ಣ ಸಂಪುಟದ ಸಚಿವರಾಗಿದ್ದ ಡಿ.ಕೆ. ಶಿವಕುಮಾರ್. ಒಂದು ಉಪಚುನಾವಣೆಗೆ ದೇಶದ ಕಣ್ಣೆಲ್ಲ ನೆಟ್ಟ ಅಪರೂಪದ ಸಂದರ್ಭ. ಇಡೀ ಸರ್ಕಾರವೇ ಕನಕಪುರದ ಹಳ್ಳಿಗಳಲ್ಲಿ ಬೀಡುಬಿಟ್ಟಿತು. ಹೋಬಳಿ ಹೋಬಳಿಗೆ ಉಸ್ತುವಾರಿಗಳು, ಊರೂರಿಗೆ ಜೀಪುಗಳು. ದೇವೇಗೌಡರು ಗೆದ್ದರು. ಹೊಸದಾಗಿ ಕಟ್ಟಿದ ಜಾತ್ಯತೀತ ಜನತಾದಳಕ್ಕೆ ಮರುಜೀವ ಬಂತು.

2004ರಲ್ಲಿ ಗೌಡರು ಹಾಸನ ಮತ್ತು ಕನಕಪುರ ಎರಡೂ ಕಡೆ ನಿಂತರು. ಕಾಂಗ್ರೆಸ್ ಕನಕಪುರಕ್ಕೆ ಚುನಾವಣೆಯನ್ನೇ ಕಾಣದ ಟಿ.ವಿ. ಪತ್ರಕರ್ತೆ ತೇಜಸ್ವಿನಿ ಅವರನ್ನು ತಂದಿತು. ಪ್ರಚಾರದ ಹಿಂದಿನ ಬಲ ಶಿವಕುಮಾರ್ ಅವರದು. ತೇಜಸ್ವಿನಿ ಲಕ್ಷಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು. ಎರಡನೇ ಸ್ಥಾನಕ್ಕೆ ಬಂದವರು ಬಿಜೆಪಿಯ ರಾಮಚಂದ್ರ ಗೌಡ. ಮಾಜಿ ಪ್ರಧಾನಿ ಮೂರನೇ ಸ್ಥಾನದಲ್ಲಿದ್ದರು. ಹಾಸನ ಗೌಡರನ್ನು ಕೈಬಿಡಲಿಲ್ಲ. ರಾಮನಗರದಿಂದ ವಿಧಾನಸಭೆಗೆ ಗೆದ್ದ ಕುಮಾರಸ್ವಾಮಿ 2006ರಲ್ಲಿ ಮುಖ್ಯಮಂತ್ರಿಯಾದರು.

ಆ ಫಲಿತಾಂಶವನ್ನು ಎಲ್ಲರೂ ಗೌಡರ ಮತ್ತು ಶಿವಕುಮಾರರ ಕಾಳಗವಾಗಿ ವಿವರಿಸಿದರು, ಈಗಲೂ ವಿವರಿಸುತ್ತಾರೆ. ಎರಡನೇ ಸ್ಥಾನದ ಕಡೆ ಕಣ್ಣು ಹಾಯಿಸಿದವರು ಕಡಿಮೆ. ಹಳ್ಳಿಗಳಲ್ಲಿ ಸಂಘಟನೆಯೇ ಇಲ್ಲದ ಪಕ್ಷವೊಂದು ಆ ಹಳ್ಳಿಗಳ ದೊಡ್ಡ ನಾಯಕನಿಗಿಂತ ಹೆಚ್ಚು ಮತ ಪಡೆದದ್ದು ಬೆಂಗಳೂರಿನ ಅಂಚಿನ ಬಡಾವಣೆಗಳ ಬಲದಿಂದ. 1998ರಲ್ಲಿ ಕಂಡದ್ದೇ ಮತ್ತೆ ಕಂಡಿತು.

ನೀರು ಅಲ್ಲಿಂದ, ಕೊಳಚೆ ಇಲ್ಲಿಂದ

ಪ್ರಾತಿನಿಧ್ಯ ಕಳೆದುಕೊಂಡರೆ ಹಳ್ಳಿಗಳಿಗೆ ಏನು ನಷ್ಟ ಎಂದು ಕೇಳುವವರಿಗೆ ನೀರಿನ ಲೆಕ್ಕ ಉತ್ತರ ಕೊಡುತ್ತದೆ.

ಅರ್ಕಾವತಿ ಮತ್ತು ಕುಮುದ್ವತಿ ಸೇರುವಲ್ಲಿ, ಮಾಗಡಿ ಸೀಮೆಯ ತಿಪ್ಪಗೊಂಡನಹಳ್ಳಿಯಲ್ಲಿ ಕಟ್ಟಿದ ಜಲಾಶಯ 1930ರ ದಶಕದಿಂದ ಬೆಂಗಳೂರಿಗೆ ಕುಡಿಯುವ ನೀರು ಕೊಟ್ಟಿತು. ಮಲ್ಲೇಶ್ವರ, ಓಕಳಿಪುರ, ಚಾಮರಾಜಪೇಟೆಗಳ ಹಳೆಯ ಮನೆಗಳ ನಲ್ಲಿಗಳು ಎಷ್ಟೋ ವರ್ಷ ಅದನ್ನೇ ನಂಬಿದ್ದವು. 1974ರಲ್ಲಿ ಕಾವೇರಿ ಮೊದಲ ಹಂತ ಬಂತು. ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಲ್ಲಿ ಶುದ್ಧವಾದ ನೀರನ್ನು ಹಾರೋಹಳ್ಳಿ, ತಾತಗುಣಿಗಳಲ್ಲಿ ಮತ್ತೆ ಮತ್ತೆ ಮೇಲೆತ್ತಿ ನಗರಕ್ಕೆ ತರುತ್ತಾರೆ. ಆ ದಪ್ಪ ಕೊಳವೆಗಳು ಸಾಗುವುದು ಕನಕಪುರ ಸೀಮೆಯ ಮಗ್ಗುಲಲ್ಲೇ. 2024ರ ಅಕ್ಟೋಬರ್‌ನಲ್ಲಿ ಉದ್ಘಾಟನೆಯಾದ ಐದನೇ ಹಂತ ದಿನಕ್ಕೆ 77.5 ಕೋಟಿ ಲೀಟರ್ ತರುವಂಥದ್ದು. 2007ರಲ್ಲಿ ಬಿಬಿಎಂಪಿಗೆ ಸೇರಿದ 110 ಹಳ್ಳಿಗಳಿಗಾಗಿಯೇ ಅದನ್ನು ರೂಪಿಸಿದ್ದು. ಆ ಹಳ್ಳಿಗಳ ಒಂದು ಭಾಗ ಹಿಂದೆ ಉತ್ತರಹಳ್ಳಿ ಕ್ಷೇತ್ರದ್ದು.

ಮರಳಿ ಹೋಗುವ ನೀರಿನ ಕಥೆ ಬೇರೆ. ಬಸವನಗುಡಿ, ಮಲ್ಲೇಶ್ವರದ ಕಡೆಯಿಂದ ಹರಿದು ಬರುವ ವೃಷಭಾವತಿ ನಗರದ ಪಶ್ಚಿಮ ಭಾಗದ ಕೊಳಚೆ ಮತ್ತು ಕಾರ್ಖಾನೆಗಳ ತ್ಯಾಜ್ಯ ಹೊತ್ತು ಮೈಸೂರು ರಸ್ತೆಯ ಪಕ್ಕದಲ್ಲೇ ಸಾಗಿ, ಬಿಡದಿಯ ಬಳಿಯ ಬೈರಮಂಗಲ ಕೆರೆಗೆ ಬೀಳುತ್ತದೆ, ಅಲ್ಲಿಂದ ಅರ್ಕಾವತಿಗೆ. ಬೇಸಾಯಕ್ಕೆಂದು ಕಟ್ಟಿದ ಕೆರೆಯ ಮೇಲೆ ಈಗ ನೊರೆ ತೇಲುತ್ತದೆ. ಅಚ್ಚುಕಟ್ಟಿನ ರೈತರು ದಶಕಗಳಿಂದ ದೂರು ಕೊಡುತ್ತಿದ್ದಾರೆ. ಒಳ್ಳೆಯ ನೀರು ಅಲ್ಲಿಂದ ಇಲ್ಲಿಗೆ ಬರುತ್ತದೆ, ಕೆಟ್ಟ ನೀರು ಇಲ್ಲಿಂದ ಅಲ್ಲಿಗೆ ಹೋಗುತ್ತದೆ. ಕೊಳಚೆ ಕಳಿಸುವವರು ಮತ್ತು ಅದನ್ನು ಸಹಿಸುವವರು ಒಂದೇ ಸಂಸದರ ಮತದಾರರಾಗಿ, ಕಳಿಸುವವರ ಸಂಖ್ಯೆಯೇ ಬೆಳೆಯುತ್ತಾ ಹೋದರೆ ಬೈರಮಂಗಲದ ದೂರಿಗೆ ದೆಹಲಿಯಲ್ಲಿ ಎಷ್ಟು ಬಲ ಉಳಿದೀತು?

ರೈಲಿನ ವಿಷಯದಲ್ಲೂ ಇದೇ ಪಾಠ. ಹೊರಗಿನ ‘ಬೆಂಗಳೂರು’ ಕ್ಷೇತ್ರದ ಎಚ್.ಸಿ. ದಾಸಪ್ಪ ರೈಲ್ವೆ ಸಚಿವರಾಗಿದ್ದರು. ರಾಮನಗರದ ಮಣ್ಣಿನ ಮಗ ಕೆಂಗಲ್ ಹನುಮಂತಯ್ಯನವರೂ ರೈಲ್ವೆ ಸಚಿವರಾಗಿದ್ದರು. 1971ರಲ್ಲಿ ಕನಕಪುರದ ಸಂಸದರಾಗಿದ್ದ ಜಾಫರ್ ಷರೀಫ್ 1991ರಿಂದ 1995ರವರೆಗೆ ಅದೇ ಖಾತೆ ನಡೆಸಿ, ದೇಶದ ಮೀಟರ್‌ಗೇಜ್ ಹಳಿಗಳನ್ನು ಬ್ರಾಡ್‌ಗೇಜ್ ಮಾಡುವ ದೊಡ್ಡ ಯೋಜನೆಗೆ ಕೈಹಾಕಿದರು. ಮೈಸೂರು ಮಾರ್ಗದ ಊರುಗಳಿಗೆ 1880ರ ದಶಕದಲ್ಲೇ ರೈಲು ಬಂದಿತ್ತು. ಕನಕಪುರಕ್ಕೆ ಇಂದಿಗೂ ಇಲ್ಲ. ಕನಕಪುರ, ಮಳವಳ್ಳಿ, ಕೊಳ್ಳೇಗಾಲದ ಮೂಲಕ ಹಳಿ ಹಾಕುವ ಯೋಜನೆಗೆ 1990ರ ದಶಕದಲ್ಲೇ ಒಪ್ಪಿಗೆ ಸಿಕ್ಕಿ, ಮುಂದೆ ಅದು ಹೆಜ್ಜಾಲ–ಚಾಮರಾಜನಗರ ಮಾರ್ಗವೆಂದು ಹೆಸರು ಬದಲಿಸಿಕೊಂಡು ಕಡತದಲ್ಲೇ ಉಳಿಯಿತು. ಅತ್ತ ನಮ್ಮ ಮೆಟ್ರೊದ ಹಸಿರು ಮಾರ್ಗ ಮೆಜೆಸ್ಟಿಕ್ ದಾಟಿ 2021ರ ಜನವರಿಯಲ್ಲಿ ಕನಕಪುರ ರಸ್ತೆಯ ರೇಷ್ಮೆ ಸಂಸ್ಥೆಯವರೆಗೆ ತಲುಪಿತು. ರೇಷ್ಮೆ ಬೆಳೆಯುವ ಹಳ್ಳಿಗಳು ಅಲ್ಲಿಂದ ಎಷ್ಟೋ ದೂರ. ರೈಲು ಬಂದದ್ದು ಜನ ಹೆಚ್ಚಿರುವ ಕಡೆಗೆ, ಅಂದರೆ ಮತ ಹೆಚ್ಚಿರುವ ಕಡೆಗೆ.

ಹೊಸ ನಕ್ಷೆ, ಹಳೆಯ ಸಮಸ್ಯೆ

2002ರ ಕಾಯ್ದೆಯಂತೆ ನ್ಯಾಯಮೂರ್ತಿ ಕುಲದೀಪ್ ಸಿಂಗ್ ಅಧ್ಯಕ್ಷತೆಯ ಪುನರ್ವಿಂಗಡಣಾ ಆಯೋಗ ಕೆಲಸ ಆರಂಭಿಸಿತು. ರಾಜ್ಯಗಳ ಸ್ಥಾನಗಳ ಸಂಖ್ಯೆ ಬದಲಾಗಲಿಲ್ಲ, ಗಡಿಗಳಷ್ಟೇ 2001ರ ಜನಗಣತಿಯಂತೆ ಬದಲಾದವು. 2008ರ ಫೆಬ್ರುವರಿ 19ರಂದು ಆದೇಶ ಜಾರಿಗೆ ಬಂತು. ಅದರಂತೆ ಮೊದಲು ಚುನಾವಣೆ ನಡೆದ ರಾಜ್ಯ ಕರ್ನಾಟಕ. ಬೆಂಗಳೂರು ನಗರ ಜಿಲ್ಲೆಯ ವಿಧಾನಸಭಾ ಸ್ಥಾನಗಳು 16ರಿಂದ 28ಕ್ಕೇರಿದವು. ಒಟ್ಟು 224ರಲ್ಲಿ ಬದಲಾವಣೆ ಇಲ್ಲದ್ದರಿಂದ ಆ 12 ಸ್ಥಾನಗಳು ಬೇರೆ ಜಿಲ್ಲೆಗಳ ಲೆಕ್ಕದಿಂದ ಬಂದವು. ಸಾತನೂರು ಅಳಿಯಿತು. ಉತ್ತರಹಳ್ಳಿ ಹಲವು ಕ್ಷೇತ್ರಗಳಾಗಿ ಒಡೆಯಿತು. ಓಕಳಿಪುರದ ಸುತ್ತಿನವರಿಗೆ ಚಿರಪರಿಚಿತವಾಗಿದ್ದ ಬಿನ್ನಿಪೇಟೆ ಕ್ಷೇತ್ರವೂ ಕಾಣೆಯಾಯಿತು. ಲೋಕಸಭೆಯಲ್ಲಿ ಕನಕಪುರದ ಜಾಗಕ್ಕೆ ‘ಬೆಂಗಳೂರು ಗ್ರಾಮಾಂತರ’ ಬಂತು.

ಆಯೋಗ ಕೆಲಸ ಆರಂಭಿಸಿದಾಗ ಬೆಂಗಳೂರು ಗ್ರಾಮಾಂತರ ಜಿಲ್ಲೆಯಲ್ಲಿ ಕನಕಪುರ, ರಾಮನಗರ, ಚನ್ನಪಟ್ಟಣ, ಮಾಗಡಿಗಳೂ ಇದ್ದವು. ಆದ್ದರಿಂದ ಆ ಹೆಸರು ಹೊಂದುತ್ತಿತ್ತು. ಆದರೆ 2007ರಲ್ಲಿ ಕುಮಾರಸ್ವಾಮಿ ಮುಖ್ಯಮಂತ್ರಿಯಾಗಿದ್ದಾಗ ಆ ನಾಲ್ಕು ತಾಲ್ಲೂಕುಗಳು ಬೇರ್ಪಟ್ಟು ರಾಮನಗರ ಜಿಲ್ಲೆಯಾದವು. ಲೇಖನದ ಮೊದಲಿಗೆ ಹೇಳಿದ ವಿಚಿತ್ರ ಹುಟ್ಟಿದ್ದು ಹೀಗೆ. 2025ರ ಮೇನಲ್ಲಿ ರಾಜ್ಯ ಸಂಪುಟ ರಾಮನಗರ ಜಿಲ್ಲೆಗೆ ‘ಬೆಂಗಳೂರು ದಕ್ಷಿಣ’ ಎಂದು ಹೆಸರಿಡಲು ತೀರ್ಮಾನಿಸಿತು. ಆ ಹೆಸರಿನ ಲೋಕಸಭಾ ಕ್ಷೇತ್ರವಿದೆ, ವಿಧಾನಸಭಾ ಕ್ಷೇತ್ರವಿದೆ, ತಾಲ್ಲೂಕಿದೆ, ಈಗ ಮಹಾನಗರ ಪಾಲಿಕೆಯೂ ಇದೆ.

ಹೊಸ ಕ್ಷೇತ್ರದ ಫಲಿತಾಂಶಗಳೂ ಹಳೆಯದನ್ನೇ ಹೇಳುತ್ತಿವೆ. 2009ರಲ್ಲಿ ಕುಮಾರಸ್ವಾಮಿ ಗೆದ್ದರು. 2013ರ ಉಪಚುನಾವಣೆಯಲ್ಲಿ ಡಿ.ಕೆ. ಸುರೇಶ್ ಗೆದ್ದು, 2014 ಮತ್ತು 2019ರಲ್ಲೂ ಉಳಿಸಿಕೊಂಡರು. 2019ರಲ್ಲಿ ರಾಜ್ಯದಲ್ಲಿ ಗೆದ್ದ ಏಕೈಕ ಕಾಂಗ್ರೆಸ್ ಸಂಸದ ಅವರು. 2024ರಲ್ಲಿ ಜಯದೇವ ಹೃದ್ರೋಗ ಸಂಸ್ಥೆಯ ನಿರ್ದೇಶಕರಾಗಿದ್ದ, ದೇವೇಗೌಡರ ಅಳಿಯ ಡಾ. ಸಿ.ಎನ್. ಮಂಜುನಾಥ್ ಬಿಜೆಪಿಯಿಂದ ನಿಂತು 2,69,647 ಮತಗಳ ಅಂತರದಿಂದ ಗೆದ್ದರು. ಕನಕಪುರ ವಿಧಾನಸಭಾ ಭಾಗದಲ್ಲಿ ಸುರೇಶ್ ಮುಂದಿದ್ದರು. ರಾಜರಾಜೇಶ್ವರಿ ನಗರ ಮತ್ತು ಬೆಂಗಳೂರು ದಕ್ಷಿಣದಲ್ಲಿ ಮಂಜುನಾಥ್ ಪಡೆದ ಮುನ್ನಡೆಯ ಮುಂದೆ ಅದು ಲೆಕ್ಕಕ್ಕೆ ಬರಲಿಲ್ಲ. ಯಾವ ಪಕ್ಷಕ್ಕೆ ಲಾಭವಾಯಿತು ಎಂಬುದು ಇಲ್ಲಿ ಮುಖ್ಯವಲ್ಲ. ಉತ್ತರಹಳ್ಳಿಯ ಉತ್ತರಾಧಿಕಾರಿಯಾದ ಬೆಂಗಳೂರು ದಕ್ಷಿಣ ವಿಧಾನಸಭಾ ಕ್ಷೇತ್ರವೇ ಈಗ ರಾಜ್ಯದಲ್ಲಿ ಅತಿ ಹೆಚ್ಚು ಮತದಾರರಿರುವ ಕ್ಷೇತ್ರ. ಮೂವತ್ತು ವರ್ಷ ತಡವಾಗಿ ಬಂದ ಪರಿಹಾರ ಹದಿನೈದೇ ವರ್ಷದಲ್ಲಿ ಹಳತಾಯಿತು.

ಮುಂದಿನ ಗೆರೆ ಎಳೆಯುವ ಮುನ್ನ

84ನೇ ತಿದ್ದುಪಡಿಯಂತೆ 2026ರ ನಂತರದ ಮೊದಲ ಜನಗಣತಿಯವರೆಗೆ ಸ್ಥಾನಗಳ ಹಂಚಿಕೆಗೆ ತಡೆಯಿದೆ. ಮುಂದಿನ ಜನಗಣತಿಗೆ 2027ರ ಮಾರ್ಚ್ 1 ಆಧಾರ ದಿನಾಂಕ. ಉತ್ತರ ಮತ್ತು ದಕ್ಷಿಣ ರಾಜ್ಯಗಳ ನಡುವಿನ ಸ್ಥಾನಗಳ ಚರ್ಚೆ ಈಗಾಗಲೇ ಕಾವೇರಿದೆ. ಕರ್ನಾಟಕಕ್ಕೆ ಎಷ್ಟು ಸ್ಥಾನ ಎಂಬ ಪ್ರಶ್ನೆ ಖಂಡಿತ ದೊಡ್ಡದು. ಆ ಸ್ಥಾನಗಳನ್ನು ನಾವು ನಮ್ಮೊಳಗೆ ಹೇಗೆ ಹಂಚಿಕೊಳ್ಳುತ್ತೇವೆ ಎಂಬುದು ಅಷ್ಟೇ ದೊಡ್ಡದು, ಅದರ ಬಗ್ಗೆ ಮಾತೇ ಇಲ್ಲ.

ಲೆಕ್ಕ ಸರಳವಾಗಿದೆ. 2011ರ ಜನಗಣತಿಯಂತೆ ಬೆಂಗಳೂರು ನಗರ ಜಿಲ್ಲೆಯಲ್ಲಿ 96 ಲಕ್ಷ ಜನ, ರಾಮನಗರ ಜಿಲ್ಲೆಯಲ್ಲಿ ಸುಮಾರು 10.8 ಲಕ್ಷ. ಆ ಎಣಿಕೆಯಲ್ಲಿ ರಾಜ್ಯದ ಒಂದು ಲೋಕಸಭಾ ಸ್ಥಾನಕ್ಕೆ ಬೀಳುವುದು ಸುಮಾರು 21.8 ಲಕ್ಷ ಜನ. ಅಂದರೆ ಇಡೀ ರಾಮನಗರ ಜಿಲ್ಲೆ ಒಂದು ಸ್ಥಾನದ ಅರ್ಧದಷ್ಟು. ಉಳಿದರ್ಧವನ್ನು ಯಾರ ಜೊತೆ ಕೂಡಿಸುವುದು ಎಂಬುದೇ ಪ್ರಶ್ನೆ. ರಾಜರಾಜೇಶ್ವರಿ ನಗರದ ಅಪಾರ್ಟ್‌ಮೆಂಟುಗಳ ಜೊತೆಗೋ, ಅಥವಾ ಅದೇ ನೀರು, ಅದೇ ಬೆಳೆ, ಅದೇ ಕಷ್ಟಗಳಿರುವ ಮಳವಳ್ಳಿ, ಮದ್ದೂರು, ಕುಣಿಗಲ್‌ಗಳ ಜೊತೆಗೋ? ಭೌಗೋಳಿಕ ಒಗ್ಗಟ್ಟು, ಆಡಳಿತದ ಗಡಿ, ಸಂಪರ್ಕ, ಜನರ ಅನುಕೂಲಗಳನ್ನು ಗಮನಿಸಬೇಕು ಎಂದು ಪುನರ್ವಿಂಗಡಣೆಯ ಕಾಯ್ದೆಯೇ ಹೇಳುತ್ತದೆ. ಹಳ್ಳಿಗಳನ್ನು ಹಳ್ಳಿಗಳ ಜೊತೆ, ಬಡಾವಣೆಗಳನ್ನು ಬಡಾವಣೆಗಳ ಜೊತೆ ಕೂಡಿಸಲು ಕಾನೂನಿನ ಅಡ್ಡಿಯಿಲ್ಲ.

ಆಯೋಗ ಕರಡು ಪ್ರಕಟಿಸಿ, ಆಕ್ಷೇಪಣೆ ಕರೆದು, ಸಾರ್ವಜನಿಕ ಸಭೆ ನಡೆಸಬೇಕು. ಅಂತಿಮ ಆದೇಶಕ್ಕೆ ಕಾನೂನಿನ ಬಲ ಬಂದ ಮೇಲೆ ಅದನ್ನು ಅಲುಗಿಸುವುದು ಬಹಳ ಕಷ್ಟ. ಆ ಸಭೆಗಳಿಗೆ ಸಾಮಾನ್ಯವಾಗಿ ಹೋಗುವವರು ಪಕ್ಷಗಳ ಮುಖಂಡರು, ತಮ್ಮ ಗೆಲುವಿನ ಲೆಕ್ಕ ಹಿಡಿದುಕೊಂಡು. ಬೈರಮಂಗಲದ ರೈತ ಸಂಘ, ರಾಮನಗರದ ರೀಲರುಗಳು, ಕನಕಪುರದ ಹಾಲು ಉತ್ಪಾದಕರ ಸಂಘಗಳು, ಕಾಲೇಜುಗಳ ಅಧ್ಯಾಪಕರು ಈಗಿನಿಂದಲೇ ತಮ್ಮ ಲೆಕ್ಕ ಸಿದ್ಧ ಮಾಡಿಕೊಳ್ಳಬೇಕು. ನಗರದ ನಡುವೆ ಇರುವ ನಾವೂ ಅವರ ಜೊತೆ ನಿಲ್ಲಬೇಕು. ನಮಗೆ ಕುಡಿಯುವ ನೀರು ಬರುವ ದಾರಿಯಲ್ಲಿ, ನಮ್ಮ ಕೊಳಚೆ ಹೋಗುವ ದಾರಿಯಲ್ಲಿ ಇರುವ ಜನ ಅವರು. ಅವರಿಗೊಂದು ಗಟ್ಟಿ ದನಿ ದೆಹಲಿಯಲ್ಲಿ ಇದ್ದರೆ ನಗರ ತನ್ನ ಕೊಳಚೆಯನ್ನು ತಾನೇ ಶುದ್ಧ ಮಾಡಬೇಕಾಗುತ್ತದೆ, ನೀರನ್ನು ಅಳೆದು ಬಳಸಬೇಕಾಗುತ್ತದೆ. ಅದರಿಂದ ಒಳಿತಾಗುವುದು ನಗರಕ್ಕೂ ಹೌದು.

ಕನಕಪುರ ಕ್ಷೇತ್ರದ ಕಥೆಯನ್ನು ಇದುವರೆಗೆ ಗೆದ್ದವರ ಮತ್ತು ಸೋತವರ ಕಥೆಯಾಗಿ ಹೇಳಿದ್ದೇವೆ. ನಾಯಕರು ಬರುತ್ತಾರೆ, ಬೇರೆ ಕ್ಷೇತ್ರ ಹುಡುಕಿಕೊಂಡು ಹೋಗುತ್ತಾರೆ. ಸಾತನೂರಿನ ಹೊಲ ಹಿಡಿದು ಕೂತವನಿಗೆ ಬೇರೆ ಕ್ಷೇತ್ರವಿಲ್ಲ. ಮುಂದಿನ ನಕ್ಷೆಯನ್ನು ಅವನನ್ನು ಕಣ್ಮುಂದೆ ಇಟ್ಟುಕೊಂಡು ಬರೆಯಿರಿ ಎಂದು ಆಯೋಗಕ್ಕೆ ಹೇಳುವ ಅವಕಾಶ ಒಂದು ತಲೆಮಾರಿಗೆ ಒಮ್ಮೆ ಮಾತ್ರ ಸಿಗುತ್ತದೆ. ಈ ಬಾರಿ ಅದನ್ನು ಬಿಟ್ಟುಕೊಡಬಾರದು.